ಮೇಜಿನ ಕೆಳಗಿದ್ದ ಹುಡುಗಿ

ಮೈಸೂರಿನ ಪಂಚಾಕ್ಷರಿ ಆಸ್ಟ್ರೇಲಿಯಾದ ಇಪ್ಸ್‌ವಿಚ್‌ನಲ್ಲಿ ಅರಿವಳಿಕೆ ವೈದ್ಯರು. ೨೦೦೮ರಲ್ಲಿ ಹೆಂಡತಿ ಮಧುರಾ ಮೆದುಳಿನ ರಕ್ತಸ್ರಾವದಿಂದ ಒಂದೇ ದಿನದಲ್ಲಿ ತೀರಿಕೊಂಡಾಗ ಮಗಳು ಪ್ರಣತಿಗೆ ಏಳು ವರ್ಷ. ಅವಳನ್ನು ನಾಲ್ಕು ದಿನ ಪಕ್ಕದ ಮನೆಯ ಗೀತಾ ಆಂಟಿಯ ಬಳಿ ಬಿಟ್ಟು ಎಲ್ಲವನ್ನೂ ಮುಗಿಸಿದ್ದರು. “ಅಮ್ಮ ಅಜ್ಜೀನ ನೋಡೋಕೆ ಹೋಗಿದ್ದಾಳೆ” ಎಂದಿದ್ದರು. ನಿಜ ಹೇಳಿದ್ದು ಎರಡು ತಿಂಗಳಾದ ಮೇಲೆ. ಮಗು ಅಳಲಿಲ್ಲ. ಚಿಕ್ಕವಳು, ಅರ್ಥವಾಗಿಲ್ಲ ಎಂದುಕೊಂಡರು.

೨೦೧೬ರಲ್ಲಿ ಪ್ರಣತಿ ಶಾಲೆಯಲ್ಲಿ ಸ್ಪ್ಯಾನಿಷ್ ಕಲಿಯುತ್ತಿದ್ದಳು. ಸ್ಪೇನಿನ ಸಿನಿಮಾಗಳಲ್ಲಿ ಬಾಲ್ಯದ ಬಗ್ಗೆ ಪ್ರಬಂಧ ಬರೆಯಬೇಕಿತ್ತು. ಒಂದು ಭಾನುವಾರ ಮಧ್ಯಾಹ್ನ ಅಪ್ಪನನ್ನೂ ಚಿತ್ರೋತ್ಸವಕ್ಕೆ ಎಳೆದುಕೊಂಡು ಹೋದಳು.

ಸ್ಪೇನಿನಲ್ಲಿ ಅಂತರ್ಯುದ್ಧ ಮುಗಿದ ಕಾಲದ ಸಿನಿಮಾ. ಪುಟ್ಟ ಹುಡುಗಿಯೊಬ್ಬಳ ಅಪ್ಪನನ್ನು ಸಿಪಾಯಿಗಳು ಕೊಂದಿದ್ದಾರೆ. ಹಡಗು ಹತ್ತಿ ಹೋಗಿದ್ದಾನೆಂದು ಮನೆಯವರು ಅವಳಿಗೆ ಹೇಳಿದ್ದಾರೆ. ಅವಳು ಊಟದ ಮೇಜಿನ ಕೆಳಗೆ ಕೂತು ನಿಜವನ್ನು ಕೇಳಿಸಿಕೊಳ್ಳುತ್ತಾಳೆ. ಪರದೆಯ ಮೇಲೆ ಬರೀ ದೊಡ್ಡವರ ಬೂಟುಗಳು. ಆಮೇಲೆ ಹೊರಗೆ ಬಂದು, “ಅಪ್ಪನ ಕಾಗದ ಬಂತಾ?” ಎಂದು ತಾಯಿಯನ್ನು ಕೇಳುತ್ತಾಳೆ.

ಟೂವಾಂಗ್‌ನ ತಮ್ಮ ಮನೆಗೆ ಕಾರಿನಲ್ಲಿ ವಾಪಸಾಗುವಾಗ ಪಂಚಾಕ್ಷರಿ, “ಗೊತ್ತಿದ್ದೂ ಯಾಕೆ ಕೇಳ್ತಾಳೆ ಆ ಮಗು?” ಎಂದರು.

“ಆ ದೇಶದಲ್ಲಿ ಆಗ ಸರ್ವಾಧಿಕಾರ, ದೊಡ್ಡವರೇ ಬಾಯಿಬಿಡೋ ಹಾಗಿರಲಿಲ್ಲ. ಅದಕ್ಕೇ ಅವರ ಸಿನಿಮಾದ ಮಕ್ಕಳಿಗೆ ಎಲ್ಲಾ ಗೊತ್ತಿರುತ್ತೆ, ಸುಮ್ನಿರ್ತಾರೆ,” ಎಂದಳು ಪ್ರಣತಿ, ಎಂದಿನಂತೆ ಇಂಗ್ಲಿಷಿನಲ್ಲಿ. ಆಮೇಲೆ ಕನ್ನಡದಲ್ಲಿ, “ನಂಗೂ ಗೊತ್ತಿತ್ತು, ಅಪ್ಪ.”

“ಏನು?”

“ಅಮ್ಮ ಸತ್ತಿದ್ದು. ಎರಡನೇ ದಿನಾನೇ. ಗೀತಾ ಆಂಟಿ ಫೋನಲ್ಲಿ ಹೇಳ್ತಿದ್ರು, ನಾನು ಸೋಫಾ ಹಿಂದೆ ಇದ್ದೆ.”

 ಪಂಚಾಕ್ಷರಿ ಎದುರಿಗೆ ಕಂಡ ಪೆಟ್ರೋಲ್ ಬಂಕಿಗೆ ಕಾರು ತಿರುಗಿಸಿ ನಿಲ್ಲಿಸಿದರು.

“ಮತ್ತೆ ದಿನಾ ಕೇಳ್ತಿದ್ದೆಯಲ್ಲಾ, ಅಮ್ಮ ಫೋನ್ ಮಾಡಿದ್ಳಾ ಅಂತ?”

“ಕೇಳಿದಾಗ ಏನೋ ಒಂದು ಸುಳ್ಳು ಹೇಳಿ ನೀವು ನಗ್ತಿದ್ರಿ. ಬೇರೆ ಹೊತ್ತಲ್ಲಿ ನಗ್ತಾನೇ ಇರ್ಲಿಲ್ಲ.”

ಪಂಚಾಕ್ಷರಿ ಎಂಜಿನ್ ಆರಿಸಿದರು. ತಾನು ಮಗುವನ್ನು ಕಾಪಾಡಿದೆ ಎಂದು ಎಂಟು ವರ್ಷ ನಂಬಿದ್ದರು. ಏಳು ವರ್ಷದ ಮಗು ಎರಡು ತಿಂಗಳು ಒಬ್ಬಳೇ ಅವರನ್ನು ಕಾಪಾಡಿತ್ತು.

“ಇನ್ನೇನು ಕೇಳಬೇಕೋ ಕೇಳು,” ಎಂದರು ಕೊನೆಗೆ.

“ಅಮ್ಮಂಗೆ ನೋವಾಯ್ತಾ?”

“ತುಂಬಾ ತಲೆನೋವು ಅಂದ್ಲು. ಹತ್ತು ನಿಮಿಷ. ಆಮೇಲೆ ಎಚ್ಚರವೇ ಇರಲಿಲ್ಲ.”

ಆಗ ಪ್ರಣತಿ ಅತ್ತಳು. ಅವರೂ ಅತ್ತರು. ಮುಂದಿನ ಶನಿವಾರ, ಮಧುರಾಳ ಬೂದಿ ಬಿಟ್ಟಿದ್ದ ಕಡಲತೀರಕ್ಕೆ ಮಗಳನ್ನು ಮೊದಲ ಸಲ ಕರೆದೊಯ್ದರು. ಅವಳು ಚಪ್ಪಲಿ ಬಿಟ್ಟು ಮೊಣಕಾಲುದ್ದ ನೀರಿಗಿಳಿದು ಬಹಳ ಹೊತ್ತು ನಿಂತಿದ್ದಳು.