ಜಪಾನಿನಲ್ಲಿ ಹೊನ್ನಗಟ್ಟೆ

ಸೂಪರ್ ಮಾರ್ಕೆಟ್ಟಿನಲ್ಲಿ ಕಣ್ಣೆದುರೇ ಇರುವ ಉಪ್ಪಿನ ಪೊಟ್ಟಣ ಕಾಣದೆ ಹೆಂಡತಿಗೆ ಫೋನ್ ಮಾಡುವ ಮಹಾನುಭಾವ ನಾನು. ಆದರೂ ಕಂಪ್ಯೂಟರ್ ನೌಕರಿಯ ಅಳಿಯ ಹುಡುಕಿದರೆ ಸಿಗದ ವಸ್ತು ಜಗತ್ತಿನಲ್ಲಿಲ್ಲವೆಂಬ ಭ್ರಮೆ ನನ್ನ ಮಾವನವರಿಗಿತ್ತು; ಅದನ್ನು ಹೋಗಲಾಡಿಸುವಷ್ಟು ಪ್ರಾಮಾಣಿಕತೆ ನನಗಿರಲಿಲ್ಲ.

ಆಗ ನನ್ನ ಕೆಲಸ ನಾರ್ತ್ ಸಿಡ್ನಿಯಲ್ಲಿ, ಹೆಂಡತಿ ಸುಮಾಳದು ಮೆಲ್ಬರ್ನಿನ ಕ್ಲೇಟನ್ ಆಸ್ಪತ್ರೆಯಲ್ಲಿ. ವಾರವೆಲ್ಲ ಬ್ರಹ್ಮಚಾರಿಯಾಗಿದ್ದು ಶನಿವಾರ ವಿಮಾನವೇರಿ ಗೃಹಸ್ಥಾಶ್ರಮ ಪ್ರವೇಶಿಸುತ್ತಿದ್ದೆ. ಮೈಸೂರಿನಿಂದ ಮಗಳ ಮನೆಗೆ ಅತ್ತೆಯೊಂದಿಗೆ ಬಂದಿದ್ದ ಮಾವ ಶಿವಣ್ಣನವರು ರೇಷ್ಮೆ ಇಲಾಖೆಯಿಂದ ನಿವೃತ್ತರಾದವರು. ಯೌವನದಲ್ಲಿ ತರಬೇತಿಗೆಂದು ಜಪಾನಿಗೆ ಹೋಗಿದ್ದಾಗ ಅಲ್ಲಿನ ವಿದ್ವತ್ ಪತ್ರಿಕೆಯೊಂದರಲ್ಲಿ ತಮ್ಮ ಇಂಗ್ಲಿಷ್ ಪ್ರಬಂಧ ಅಚ್ಚಾಗಿತ್ತೆಂದು ಅವರು ಹೇಳದ ಮದುವೆಯಿಲ್ಲ, ನಾಮಕರಣವಿಲ್ಲ. ಇದ್ದೊಂದು ಪ್ರತಿ ಮನೆ ಬದಲಾಯಿಸುವಾಗ ಕಳೆದುಹೋಗಿತ್ತು. ಹೀಗಾಗಿ ನೆಂಟರಿಷ್ಟರಲ್ಲಿ ‘ಜಪಾನ್ ಪ್ರಬಂಧ’ವೆಂದರೆ ಬುರುಡೆ ಎಂದೇ ಅರ್ಥ. ಅತ್ತೆಯೂ ನಗುತ್ತಿದ್ದರು, ಮಾವನವರಿಗೆ ನಿಜವಾಗಿ ನೋಯುತ್ತಿದ್ದದ್ದು ಅದೊಂದೇ ನಗು.

ಜಪಾನೀಯರು ತಮ್ಮ ಹಳೆಯ ಪತ್ರಿಕೆಗಳನ್ನೆಲ್ಲ ಪುಟಪುಟವಾಗಿ ಸ್ಕ್ಯಾನ್ ಮಾಡಿ, ಯಾರು ಬೇಕಾದರೂ ಓದಿಕೊಳ್ಳಲೆಂದು ಜಾಲತಾಣಕ್ಕೇರಿಸುತ್ತಿದ್ದಾರೆಂದು ಸುಮಾ ತನ್ನ ಆಸ್ಪತ್ರೆಯ ಗ್ರಂಥಾಲಯದಲ್ಲಿ ಕೇಳಿಕೊಂಡು ಬಂದಳು. ಭಾನುವಾರ ಬೆಳಿಗ್ಗೆ ಉಪ್ಪಿಟ್ಟು ಮುಗಿಸಿ ಎಲ್ಲರೂ ಲ್ಯಾಪ್‌ಟಾಪ್ ಸುತ್ತ ಕುಳಿತೆವು. ಶಿವಣ್ಣ ಎಂದು ಹುಡುಕಿದೆ, ಇಲ್ಲ. ಎಚ್. ಪಿ. ಶಿವಣ್ಣ, ಇಲ್ಲ.

“ಸಾಕು ಬಿಡಿ, ಪಾಪ,” ಎಂದರು ಅತ್ತೆ. ಆ ‘ಪಾಪ’ ನನಗಲ್ಲವೆಂದು ಎಲ್ಲರಿಗೂ ತಿಳಿಯಿತು. ಮಾವ ಕಿಟಕಿಯಾಚೆ ನೋಡತೊಡಗಿದರು.

“ಪ್ರಬಂಧ ಯಾವುದರ ಮೇಲೆ ಮಾವ?” ಎಂದೆ. ನಂಬಿದರೆ ನಂಬಿ, ಅಷ್ಟು ವರ್ಷ ನಕ್ಕವರಲ್ಲಿ ಒಬ್ಬರೂ ಕೇಳಿರದ ಪ್ರಶ್ನೆಯದು.

“ಚಂದ್ರಿಕೆ ಮೇಲೆ,” ಎಂದರು. ಹಣ್ಣಾದ ರೇಷ್ಮೆಹುಳು ಗೂಡು ಕಟ್ಟಲೆಂದು ನಮ್ಮ ಕಡೆ ಬಿದಿರಿನಲ್ಲಿ ಹೆಣೆಯುವ ತಟ್ಟೆಯೇ ಚಂದ್ರಿಕೆ. ಆ ಪದವನ್ನೇ ಇಂಗ್ಲಿಷ್ ಅಕ್ಷರಗಳಲ್ಲಿ ಒತ್ತಿದೆ. ಒಂದೇ ಒಂದು ಪ್ರಬಂಧ ಬಂತು. ಬರೆದವರು: ಹೊನ್ನಗಟ್ಟೆ ಪಿ. ಎಸ್.

ಹೊನ್ನಗಟ್ಟೆ ಮಾವನವರ ಊರು! ಸಂಪಾದಕರು ಪೂರ್ಣ ಹೆಸರು ಕೇಳಿದಾಗ ಇವರು ನಮ್ಮ ಪದ್ಧತಿಯಂತೆ ಮೊದಲು ಊರು, ಆಮೇಲೆ ಅಪ್ಪ, ಕಡೆಗೆ ತಾನು ಎಂದು ವಿನಯದಿಂದ ‘ಹೊನ್ನಗಟ್ಟೆ ಪುಟ್ಟಯ್ಯ ಶಿವಣ್ಣ’ ಎಂದು ಬರೆದುಕೊಟ್ಟಿದ್ದಾರೆ. ಮನೆತನದ ಹೆಸರನ್ನು ಮೊದಲಿಡುವ ಜಪಾನೀಯರು ಊರನ್ನೇ ವಿದ್ವಾಂಸನ ಪೀಠಕ್ಕೇರಿಸಿ, ಅಪ್ಪ ಮಗ ಇಬ್ಬರನ್ನೂ ಒಂದೊಂದು ಅಕ್ಷರಕ್ಕೆ ಇಳಿಸಿಬಿಟ್ಟಿದ್ದಾರೆ.

ತುಸು ಓರೆಯಾಗಿ ಸ್ಕ್ಯಾನ್ ಆದ ಪುಟದಲ್ಲಿ ಕೈಯಿಂದ ಬರೆದ ಚಂದ್ರಿಕೆಯ ಚಿತ್ರವಿತ್ತು. “ನನ್ನ ಗೆರೆ! ಇದು ನಾನೇ ಎಳೆದ ಗೆರೆ!” ಎನ್ನುತ್ತ ಮಾವ ಎದ್ದು ನಿಂತರು. ಸಂತೋಷ ತಡೆಯಲಾಗದೆ ನಾನೂ ಎದ್ದು ನಿಂತೆ. ಸುಮಾ ಚಪ್ಪಾಳೆ ತಟ್ಟಿದಳು.

ಜಾಲತಾಣದವರಿಗೆ ಬರೆದು ಹೆಸರು ಸರಿಪಡಿಸೋಣವೆಂದೆ.

“ಬೇಡ ಅಳಿಯಂದ್ರೇ. ಹೈಸ್ಕೂಲೂ ಇಲ್ಲದಿದ್ದ ಊರು ಅದು. ಒಂದು ಪ್ರಬಂಧ ಬರೆದಿದೆ. ಇರ್ಲಿ ಬಿಡಿ.”

ಅತ್ತೆ ಸೆರಗಿನಿಂದ ಕೈ ಒರೆಸಿಕೊಂಡು, ಕುರ್ಚಿಯನ್ನು ಗಂಡನ ಪಕ್ಕಕ್ಕೆ ಎಳೆದುಕೊಂಡು ಕುಳಿತರು.

“ಮೊದಲಿಂದ ಓದಿ,” ಎಂದರು. “ಕನ್ನಡದಲ್ಲಿ ಹೇಳ್ತಾ ಹೋಗಿ. ನಾನು ಕೇಳ್ತೀನಿ.”