ದೊಡ್ಡಮ್ಮನ ಅರಬ್ಬಿ

ಮಡಕಶಿರದ ಬಸ್ ನಿಲ್ದಾಣದ ಹಿಂಬದಿಯ ಬೀದಿಯಲ್ಲಿ ವಾಸಿಸುವ ಓಬಳಮ್ಮನವರನ್ನು ಊರೆಲ್ಲ ದೊಡ್ಡಮ್ಮ ಎಂದೇ ಕರೆಯುತ್ತದೆ. ಇಪ್ಪತ್ತೈದರ ಹರೆಯದಲ್ಲಿ ಅವರು ಕುವೈತಿನ ಮನೆಯೊಂದರಲ್ಲಿ ಅಡುಗೆ ಕೆಲಸಕ್ಕಿದ್ದರು. ೧೯೯೦ರಲ್ಲಿ ಯುದ್ಧ ಬಂದಾಗ ಸಾವಿರಾರು ಜನರೊಡನೆ ಮರುಭೂಮಿ ದಾಟಿ, ಜೋರ್ಡಾನಿನ ನಿರಾಶ್ರಿತರ ಡೇರೆಯಲ್ಲಿದ್ದು, ವಿಮಾನದಲ್ಲಿ ಮರಳಿದರು. ಡೇರೆಯಲ್ಲಿ ಕಳೆದ ದಿನಗಳು, ನಾನು ಮಾಡಿಕೊಂಡ ಅವರ ಮಾತಿನ ಮೊದಲ ಧ್ವನಿಮುದ್ರಣದಲ್ಲಿ ಹದಿನೆಂಟು, ಎರಡನೆಯದರಲ್ಲಿ ಇಪ್ಪತ್ತಾರು. ಈ ವ್ಯತ್ಯಾಸವನ್ನು ಮುಂದಿಟ್ಟಾಗ, “ಮರಳಲ್ಲಿ ಕ್ಯಾಲೆಂಡರ್ ಯಾರು ನೇತಾಕಿದ್ರು? ನಿಮ್ಗೆ ಯಾವ್ದು ಬೇಕೋ ಅದನ್ನ ಬರ್ಕೊಳ್ಳಿ” ಎಂದರು.

ಇಂದು ಈ ಸೀಮೆಯಿಂದ ಕೊಲ್ಲಿ ದೇಶಗಳಿಗೆ ದುಡಿಯಹೋದ ಹೆಂಗಸರಿಗೆಲ್ಲ ಅವರೇ ಬಾಯಿ. ಅದಕ್ಕೆ ಕಾರಣವಾದದ್ದು ಒಂದು ಫೋನ್ ಕರೆ.

ಮೂರು ವರ್ಷಗಳ ಹಿಂದೆ ಪಕ್ಕದ ಬೀದಿಯ ಗೋವರ್ಧನ್ ಬಂದು ಜಗುಲಿಯ ಮೇಲೆ ಕುಳಿತ. ಅವನ ಹೆಂಡತಿ ಮಮತಾ ಕುವೈತಿನಲ್ಲಿ ಮನೆಗೆಲಸಕ್ಕಿದ್ದಳು. ಒಪ್ಪಂದ ಮುಗಿದು ಐದು ತಿಂಗಳಾಗಿದ್ದರೂ ಯಜಮಾನಿ ಪಾಸ್‌ಪೋರ್ಟನ್ನು ಹಿಂದಿರುಗಿಸದೆ ದಿನವೂ “ನಾಳೆ” ಎನ್ನುತ್ತಿದ್ದಳು. ಪಾಸ್‌ಪೋರ್ಟ್ ಇಲ್ಲದೆ ಮಮತಾ ಊರಿಗೆ ಬರುವಂತಿರಲಿಲ್ಲ.

“ದೊಡ್ಡಮ್ಮ, ನೀನೇ ಆಯಮ್ಮನತ್ರ ಅರಬ್ಬಿಲಿ ಬೇಡ್ಕೋ.”

“ಮೂವತ್ತು ವರ್ಷ ಆಯ್ತಲ್ಲೋ! ನನ್ನ ಅರಬ್ಬಿ ತುಕ್ಕು ಹಿಡಿದೈತೆ.”

“ತುಕ್ಕಾದ್ರೂ ಅರಬ್ಬಿನೇ ಅಲ್ವಾ? ನನ್ನತ್ರ ಅದೂ ಇಲ್ಲ.”

ಗೋವರ್ಧನ್ ಕರೆ ಮಾಡಿದ. ಅತ್ತ ಮಮತಾ ತನ್ನ ಫೋನನ್ನು ಯಜಮಾನಿಯ ಕೈಗೆ ಕೊಟ್ಟಳು. ಓಬಳಮ್ಮ ಗಂಟಲು ಸರಿಪಡಿಸಿಕೊಂಡು ವಿನಯದ ಪದವೊಂದನ್ನು ಹುಡುಕಿದರು. ಸಿಗಲಿಲ್ಲ. ಕೆಲಸದ ಮನೆಯಲ್ಲಿ ಯಾರೂ ಅವರೊಡನೆ ವಿನಯದಿಂದ ಮಾತಾಡಿರಲಿಲ್ಲವಾಗಿ, ಅವರು ಕಲಿತು ತಂದ ಅರಬ್ಬಿಯೆಲ್ಲ ಬರೀ ಅಪ್ಪಣೆ. ಇದ್ದುದನ್ನೇ ಆಡಿದರು: “ಜೀಬೀ ಜವಾಜ್! ಯಲ್ಲಾ, ಯಲ್ಲಾ!” ಪಾಸ್‌ಪೋರ್ಟ್ ತಾ, ಬೇಗ, ಬೇಗ ಎಂದರ್ಥ.

ಗೋವರ್ಧನ್ ಬೆವೆತುಹೋದ. “ಎಲ್ಲಾ ಯಾಕ್ ಕೇಳ್ತೀಯ ದೊಡ್ಡಮ್ಮ? ಪಾಸ್‌ಪೋರ್ಟ್ ಒಂದ್ ಬಂದ್ರೆ ಸಾಕು!”

“ಸುಮ್ಕಿರೋ!”

ನೀವು ಯಾರು ಎಂದು ಯಜಮಾನಿ ಕೇಳಿದಳು. ಊರು ತಮ್ಮನ್ನು ಕರೆಯುವ ಹೆಸರನ್ನೇ ಓಬಳಮ್ಮ ಪದಕ್ಕೆ ಪದವಿಟ್ಟು ಹೇಳಿದರು: “ಮಾಮಾ ಕಬೀರಾ.”

ಅಮ್ಮ, ದೊಡ್ಡವಳು. ಅನುವಾದದಲ್ಲಿ ದೋಷವಿಲ್ಲ. ಆದರೆ ಅಲ್ಲಿನ ಮನೆಗಳಲ್ಲಿ ಕೆಲಸದವರು ಮಾಮಾ ಕಬೀರಾ ಎನ್ನುವುದು ಯಜಮಾನಿಯ ಅತ್ತೆಯನ್ನು.

ಮುಂದಿನದು ಮಮತಾಳ ಹೇಳಿಕೆ: “ಆಯಮ್ಮನ ಅತ್ತೆ ತೀರ್ಕೊಂಡು ಆರು ತಿಂಗಳಾಗಿತ್ತು ಸಾರ್. ಆಯಮ್ಮ ಫೋನ್ ನೋಡಿದ್ಲು, ನನ್ನ ನೋಡಿದ್ಲು. ಸೀದಾ ಹೋಗಿ ಬೀರು ತೆಗೆದ್ಲು.”

ಹನ್ನೊಂದನೆಯ ದಿನ ಮಮತಾ ಮಡಕಶಿರದಲ್ಲಿ ಬಸ್ ಇಳಿದಳು. ಸುದ್ದಿ ಅವಳಿಗಿಂತ ಮೊದಲೇ ಕೊಲ್ಲಿಯ ಅಡುಗೆಮನೆಗಳನ್ನೆಲ್ಲ ಸುತ್ತಿ, ದೊಡ್ಡಮ್ಮನ ಫೋನಿಗೆ ಅಂದಿನಿಂದ ಬಿಡುವಿಲ್ಲದಂತಾಯಿತು.

ಇನ್ನಾದರೂ ಚೆನ್ನಾಗಿ ಮಾತಾಡಲೆಂದು ಮಮತಾ ಅವರಿಗೆ ‘ದಯವಿಟ್ಟು’ ಎಂಬುದಕ್ಕೆ ಅರಬ್ಬಿ ಪದ ಕಲಿಸಲು ಕುಳಿತಳು. ಅವಳೂ ಅದನ್ನು ಕಲಿತದ್ದು ಟಿ.ವಿ. ಧಾರಾವಾಹಿಯಿಂದ. “ಮಿನ್ ಫದ್ಲಿಕ್ ಅನ್ನು ದೊಡ್ಡಮ್ಮ.”

ಓಬಳಮ್ಮ ಎರಡು ಸಲ ಪದವನ್ನು ಬಾಯಲ್ಲಿ ಹೊರಳಿಸಿ ನೋಡಿದರು.

“ಬ್ಯಾಡ ಕಣಮ್ಮಿ. ಇದನ್ನ ಅಂದಿದ್ರೆ ನೀನು ಇನ್ನೂ ಅಲ್ಲೇ ಪಾತ್ರೆ ತೊಳೀತಿದ್ದೆ.”