ನಾರ್ವೆಯ ನಟ ಸುಮ್ಮನಾದ ಜಾಗ

ಮಸ್ಕತ್ ಪಕ್ಕದ ಸೀಬ್‌ನಲ್ಲಿ ನರ್ಸಾಗಿ ನಾನು ಮನೆಮನೆಗೆ ಹೋಗಿ ನೋಡಿಕೊಂಡ ರೋಗಿಗಳಲ್ಲಿ ನಟ ಅಂತ ಇದ್ದದ್ದು ಒಬ್ಬರೇ, ನಾರ್ವೆಯ ಒಬ್ಬ ಮುದುಕರು. ಪಾರ್ಶ್ವವಾಯು ಬಡಿದ ಮೇಲೆ, ಮಸ್ಕತ್‌ನಲ್ಲಿ ಕೆಲಸಕ್ಕಿದ್ದ ಮಗಳು ಅವರನ್ನು ತನ್ನ ಮನೆಗೆ ಕರೆಸಿಕೊಂಡಿದ್ದಳು. ಅವಳು ಆಫೀಸಿಗೆ ಹೋದ ಮೇಲೆ ಔಷಧಿ, ಸ್ನಾನ, ಕೈಕಾಲಿನ ವ್ಯಾಯಾಮ ಎಲ್ಲ ನನ್ನ ಪಾಲಿಗೆ.

ನಟ ಅಂದದ್ದೇ ನಮ್ಮ ಮನೆಯವರಿಗೆ ಕುತೂಹಲ. "ಹೀರೋ ಆಗಿದ್ರಂತಾ ಮಾರಾಯ್ತಿ?" ಅಂತ ಕೇಳಿದರು. ಎಲ್ಲಿಯ ಹೀರೋ. ಜೀವಮಾನವಿಡೀ ನಾಟಕದಲ್ಲೂ ಸಿನಿಮಾದಲ್ಲೂ ಪಾದ್ರಿ, ಪೋಸ್ಟ್‌ಮ್ಯಾನ್, ಹಡಗಿನ ಅಡುಗೆಯವ, ಹೀರೋಯಿನ್ನಿನ ಮಾವ. "ನಮ್ಮೂರಲ್ಲಿ ಜನ ನನ್ನನ್ನು ನಿಲ್ಲಿಸಿ ಮಾತಾಡಿಸುತ್ತಾರೆ, ಸಿಸ್ಟರ್. ಎಲ್ಲಿ ನೋಡಿದ್ದು ಅಂತ ನೆನಪಾಗದೆ ಯಾರೋ ನೆಂಟ ಅಂದುಕೊಳ್ಳುತ್ತಾರೆ" ಅಂತ ನಗುತ್ತಿದ್ದರು. ನಗು ಬಾಯಿಯ ಒಂದೇ ಬದಿಗೆ ಬರುತ್ತಿತ್ತು.

ಮಾತು ಮರಳಿತ್ತು, ಆದರೆ ಪದ ಹುಡುಕಲು ಹೊತ್ತು ಬೇಕಿತ್ತು. ಅಷ್ಟು ಹೊತ್ತನ್ನು ಮಗಳು ಕೊಡುತ್ತಿರಲಿಲ್ಲ. ಚಿಕ್ಕಂದಿನಲ್ಲಿ ಅಪ್ಪ ಮನೆಯಲ್ಲಿ ಪಾತ್ರ ಅಭ್ಯಾಸ ಮಾಡುವಾಗ ಸ್ಕ್ರಿಪ್ಟ್ ಹಿಡಿದು ಕೂರುವುದು ಅವಳ ಕೆಲಸವಂತೆ. ಅಪ್ಪನ ಮಾತು ನಿಂತ ಕೂಡಲೇ ಮುಂದಿನ ಮಾತು ಹೇಳಿಕೊಡಬೇಕು. ಈಗಲೂ ಊಟದ ಮೇಜಿನಲ್ಲಿ ಅವರು ತಡೆದರೆ ಸಾಕು, ಉಪ್ಪೋ ನೀರೋ, ಪದ ಅವಳ ಬಾಯಿಂದ ಬಂದುಬಿಡುತ್ತಿತ್ತು. ನನಗೆ ಮೈಯೆಲ್ಲ ಉರಿಯುತ್ತಿತ್ತು. ಸ್ವಲ್ಪ ಕಾಯಿರಿ ಮೇಡಂ, ಅವರೇ ಹೇಳಲಿ ಅಂದರೆ, "ಅವರ ಒದ್ದಾಟ ನನ್ನಿಂದ ನೋಡಲಾಗುವುದಿಲ್ಲ" ಅನ್ನುತ್ತಿದ್ದಳು. ಪ್ರೀತಿಯೇ, ಇಲ್ಲ ಅನ್ನುವುದಿಲ್ಲ.

ಹೀಗಿರುವಾಗ ನಾರ್ವೆಯಿಂದ ಹಳೆಯ ಸ್ನೇಹಿತರಾದ ನಿರ್ದೇಶಕರು ಫೋನ್ ಮಾಡಿದರು. ಸಿನಿಮಾದಲ್ಲಿ ಒಂದು ಸಣ್ಣ ಪಾತ್ರ ಇದೆ, ವಿಡಿಯೋ ಕಾಲ್‌ನಲ್ಲಿ ಮಾಡಿ ತೋರಿಸಿದರೆ ನೋಡೋಣ ಅಂದರಂತೆ. ಒಬ್ಬ ಮುದುಕನ ಮನೆಗೆ ಪೊಲೀಸ್ ಬರುತ್ತಾನೆ. "ಒಳಗೆ ಬನ್ನಿ, ಕಾಫಿ ಬಿಸಿ ಇದೆ" ಅನ್ನುತ್ತಾನೆ ಮುದುಕ. ಆಮೇಲೆ ಅವನೇ ಕೇಳುತ್ತಾನೆ, "ಕಾಲಲ್ಲಿ ಬೂಟು ಇತ್ತಾ?" ಮಗ ಸಮುದ್ರದಲ್ಲಿ ಮುಳುಗಿದ್ದಾನೆ, ಪೊಲೀಸ್ ಅದನ್ನು ಬಾಯಿಬಿಟ್ಟು ಹೇಳುವುದೇ ಇಲ್ಲ. ಇಷ್ಟೇ.

"ಇದು ಸಿಕ್ಕರೆ ನಾನಿನ್ನೂ ನಟ. ಇಲ್ಲದಿದ್ದರೆ ಬರೀ ರೋಗಿ" ಅಂದರು ನನ್ನ ಹತ್ತಿರ.

ದಿನವೂ ಬೆಳಿಗ್ಗೆ ಮಗಳು ಆಫೀಸಿಗೆ ಹೋದ ಮೇಲೆ ಅದೇ ಅಭ್ಯಾಸ. ನಾನೇ ಪೊಲೀಸ್, ನನ್ನ ಮಾತು ಇಂಗ್ಲಿಷಿನಲ್ಲಿ, ಅವರದು ಅವರ ಭಾಷೆಯಲ್ಲಿ. ವ್ಯಾಯಾಮಕ್ಕೆ ಎಷ್ಟು ಹೇಳಿದರೂ ಏಳದ ಬಲಗೈ, ಕಾಫಿ ಕಪ್ಪಿಗಾಗಿ ಚೂರು ಚೂರೇ ಎದ್ದಿತು. ಕಾಫಿಯ ಮಾತು ಮುಗಿಸಿ ಅವರು ನನ್ನ ಮುಖ ನೋಡುತ್ತ ಸುಮ್ಮನಾಗುತ್ತಿದ್ದರು, ತುಂಬ ಹೊತ್ತು. "ಇಲ್ಲಿ ಅವನಿಗೆ ಗೊತ್ತಾಗುತ್ತದೆ. ಇದೇ ಪಾತ್ರ. ಉಳಿದದ್ದನ್ನು ಯಾರು ಬೇಕಾದರೂ ಹೇಳಬಹುದು" ಅಂದರು.

ಕಾಲ್ ದಿನ ಮಗಳು ರಜೆ ಹಾಕಿದಳು. ಹೊರಗೆ ಬೆಂಕಿಯಂಥ ಬಿಸಿಲು. ಪಾತ್ರಕ್ಕೆಂದು ಅಪ್ಪನಿಗೆ ಉಣ್ಣೆಯ ಸ್ವೆಟರ್ ಹಾಕಿ, ಎಸಿಯನ್ನು ನಾವೆಲ್ಲ ನಡುಗುವಷ್ಟು ತಣ್ಣಗೆ ಮಾಡಿದಳು. ಪೊಲೀಸ್ ಮಾತು ನಿರ್ದೇಶಕರೇ ಓದಿದರು. ಇವರು ಕಾಫಿಯ ಮಾತು ಹೇಳಿದರು. ಬಲಗೈ ಕಪ್ಪಿನತ್ತ ಹೋಯಿತು. ಸುಮ್ಮನಾದರು.

ಎಷ್ಟು ಚೆಂದ ಬಂದಿತ್ತು ಅದು. ಅಷ್ಟರಲ್ಲಿ ಪಕ್ಕದಿಂದ ಮಗಳು ಬೂಟಿನ ಮಾತನ್ನು ಪಿಸುಗುಟ್ಟಿಬಿಟ್ಟಳು. ಫೋನಿಗೆ ಸ್ಪಷ್ಟವಾಗಿ ಕೇಳಿಸಿತು. ನಿರ್ದೇಶಕರ ಮುಖದಲ್ಲಿ, ಪಾಪ ಅನ್ನುವ ಹಾಗೆ ಒಂದು ನಗು. ಪರವಾಗಿಲ್ಲ, ಬೇಕಾದರೆ ನಾಳೆ ಇನ್ನೊಮ್ಮೆ ನೋಡೋಣ ಅಂದರಂತೆ. ಫೋನ್ ಇಟ್ಟರು.

ಮಗಳ ಮುಖ ಬಿಳಿಚಿತ್ತು. ನನಗೂ ಅರ್ಥವಾಗಲಿ ಅಂತಲೋ ಏನೋ, ಇಂಗ್ಲಿಷಿನಲ್ಲೇ ಕೇಳಿದಳು: "ಅಪ್ಪ, ಮರೆತಿದ್ದಿರಲ್ಲವಾ? ನಾನು ಹಾಳುಮಾಡಲಿಲ್ಲ ತಾನೆ?"

ನಿಜ ನನ್ನ ನಾಲಿಗೆ ತುದಿಗೆ ಬಂದಿತ್ತು. ಅವರು ನನ್ನತ್ತ ನೋಡಿ ತಲೆಯಾಡಿಸಿದರು, ಬೇಡ ಅಂತ.

"ಮರೆತಿದ್ದೆ. ನೀನು ಹೇಳಿದ್ದು ಒಳ್ಳೆಯದಾಯಿತು" ಅಂದರು.

ಅವಳು ಅವರ ಹೆಗಲಿಗೆ ಮುಖವಿಟ್ಟು ಅತ್ತಳು. ಆಮೇಲೆ ಕಣ್ಣೊರೆಸಿಕೊಂಡು, "ಹಾಗಾದರೆ ಇನ್ನು ಸಾಕು ಅಪ್ಪ. ನಾಳೆ ಮತ್ತೆ ಮರೆತರೆ ನಿಮಗೇ ನೋವು. ನಾನೇ ಅವರಿಗೆ ಹೇಳಿಬಿಡುತ್ತೇನೆ, ಇನ್ನು ಯಾವ ಪಾತ್ರವೂ ಬೇಡ ಅಂತ" ಅಂದು ಫೋನ್ ಹಿಡಿದು ಪಕ್ಕದ ಕೋಣೆಗೆ ಹೋದಳು.

"ಸರ್, ಅವರನ್ನು ಕರೆಯಲಾ?" ಅಂದೆ.

"ಬೇಡ. ಗೊತ್ತಾದರೆ ಸಾಯುವವರೆಗೂ ಅವಳಿಗೆ ಅದೇ ಕೊರಗು."

ಗೋಡೆಯಾಚೆ ಅವಳು ಅವರ ಭಾಷೆಯಲ್ಲಿ ಮೆಲ್ಲಗೆ ಮಾತಾಡುವುದು ಕೇಳಿಸುತ್ತಿತ್ತು. ನನಗೆ ಒಂದಕ್ಷರ ಅರ್ಥವಾಗಲಿಲ್ಲ. ಅವರಿಗೆ ಎಲ್ಲ ಅರ್ಥವಾಗುತ್ತಿತ್ತು. ಇನ್ನು ಸ್ವೆಟರ್ ಬೇಡ, ಬಿಚ್ಚಿ ಅಂದರು. ಎಡಗೈ ಬಿಡಿಸಿದೆ. ಬಲಗೈ ಎತ್ತಿ ಸರ್, ಈಗಷ್ಟೇ ಕಪ್ಪಿಗೆ ಎತ್ತಿದಿರಲ್ಲ ಅಂದೆ. ಆ ಕೈಯನ್ನೇ ನೋಡುತ್ತ ಕೂತರು. ಎತ್ತಲು ಪ್ರಯತ್ನವನ್ನೂ ಮಾಡಲಿಲ್ಲ.